ನೆತನ್ಯಾಹು ಸಲಹೆಗಾರರು ಮತ್ತು ಕತಾರ್ ಹಣ: ಪದೇ ಪದೇ ಕೇಳುವ ಪ್ರಶ್ನೆಗಳು

ಇಸ್ರೇಲ್ ಪ್ರಧಾನಿಯ ಸಲಹೆಗಾರರು ಕತಾರ್‌ನಿಂದ ಹಣ ಪಡೆದರೆಂಬ ಪ್ರಕರಣದ ಬಗ್ಗೆ ಪತ್ರಗಳಲ್ಲಿ, ಪ್ರತಿಕ್ರಿಯೆಗಳಲ್ಲಿ, ಎದುರು ಸಿಕ್ಕವರ ಮಾತಿನಲ್ಲಿ ಮತ್ತೆ ಮತ್ತೆ ಬಂದ ಪ್ರಶ್ನೆಗಳನ್ನು ಕೇಳಿದವರ ಮಾತಿನಲ್ಲೇ ಇಟ್ಟು ಉತ್ತರಿಸಿದ್ದೇನೆ. ಈ ಹಣದ ಪ್ರಕರಣದಲ್ಲಿ ಇಲ್ಲಿ ಹೆಸರು ಬರುವ ಸಲಹೆಗಾರರ ಮೇಲಿರುವುದು ತನಿಖೆಯ ಹಂತದ ಶಂಕೆ. ಅವರು ತಪ್ಪು ಮಾಡಿಲ್ಲವೆಂದೇ ವಾದಿಸುತ್ತಿದ್ದಾರೆ. ಈ ಎಚ್ಚರಿಕೆಯನ್ನು ಪ್ರತಿ ಉತ್ತರದಲ್ಲೂ ಬರೆಯಲು ಹೋಗಿಲ್ಲ.

## ಮೊದಲು ತಿಳಿಯಬೇಕಾದದ್ದು

ಇಷ್ಟೊಂದು ಹೆಸರು, ಇಷ್ಟೊಂದು ಕೇಸು. ನಡೆದದ್ದೇನು ಅಂತ ಚಿಕ್ಕದಾಗಿ ಹೇಳುತ್ತೀರಾ?

ಗಾಜಾ ಯುದ್ಧ ನಡೆಯುತ್ತಿದ್ದಾಗ, ಒತ್ತೆಯಾಳುಗಳ ಬಿಡುಗಡೆಗಾಗಿ ಕತಾರ್ ಮಧ್ಯಸ್ಥಿಕೆ ವಹಿಸಿದ್ದ ಕಾಲದಲ್ಲೇ, ಪ್ರಧಾನಿ ಬೆಂಜಮಿನ್ ನೆತನ್ಯಾಹು ಅವರ ಪರವಾಗಿ ಪತ್ರಕರ್ತರೊಡನೆ ವ್ಯವಹರಿಸುತ್ತಿದ್ದವರು ಕತಾರ್‌ನ ಹೆಸರು ಬೆಳಗಿಸುವುದಕ್ಕೂ ದುಡಿದರು, ಅದಕ್ಕೆ ಕತಾರ್ ಪರ ಕೆಲಸ ಮಾಡುವ ಅಮೆರಿಕದ ಲಾಬಿಗಾರರೊಬ್ಬರ ಮೂಲಕ ಹಣ ಬಂತು ಎಂಬುದು ಆರೋಪ. ಇಸ್ರೇಲಿನ ಟಿವಿ ವಾಹಿನಿಯೊಂದು 2025ರ ಫೆಬ್ರುವರಿಯಲ್ಲಿ ಈ ಕುರಿತು ವರದಿ ಮಾಡಿತು. ಅದೇ ತಿಂಗಳ ಕೊನೆಗೆ ಅಟಾರ್ನಿ ಜನರಲ್ ಗಾಲಿ ಬಹರಾವ್-ಮಿಯಾರಾ ತನಿಖೆಗೆ ಆದೇಶಿಸಿದರು, ಮಾರ್ಚ್ 31ರಂದು ಯೋನತನ್ ಉರಿಖ್ ಮತ್ತು ಎಲಿ ಫೆಲ್ಡ್‌ಸ್ಟೈನ್ ಎಂಬ ಇಬ್ಬರು ಬಂಧನಕ್ಕೊಳಗಾದರು.

ಕತಾರ್‌ಗೇಟ್ ಅಂದರೆ ಯುರೋಪಿನಲ್ಲಿ ಸೂಟ್‌ಕೇಸ್ ತುಂಬ ನೋಟು ಸಿಕ್ಕಿತಲ್ಲ, ಅದೇ ಅಲ್ಲವೇ?

ಹೆಸರು ಒಂದೇ, ಪ್ರಕರಣ ಬೇರೆ. 2022ರ ಡಿಸೆಂಬರ್ 9ರಂದು ಬೆಲ್ಜಿಯಂ ಪೊಲೀಸರು ಬ್ರಸೆಲ್ಸ್‌ನಲ್ಲಿ ದಾಳಿ ನಡೆಸಿ ಸುಮಾರು 15 ಲಕ್ಷ ಯೂರೋ ನಗದು ವಶಪಡಿಸಿಕೊಂಡು, ಯುರೋಪಿಯನ್ ಪಾರ್ಲಿಮೆಂಟಿನ ಉಪಾಧ್ಯಕ್ಷೆಯಾಗಿದ್ದ ಗ್ರೀಸ್‌ನ ಇವಾ ಕೈಲಿ, ಇಟಲಿಯ ಮಾಜಿ ಸದಸ್ಯ ಆಂಟೊನಿಯೊ ಪಂಜೇರಿ ಮೊದಲಾದವರನ್ನು ಬಂಧಿಸಿದರು. ಪತ್ರಿಕೆಗಳು ಕತಾರ್‌ಗೇಟ್ ಎಂದು ಮೊದಲು ಕರೆದದ್ದು ಅದನ್ನು. 1972ರಲ್ಲಿ ಕಳ್ಳರು ನುಗ್ಗಿದ ವಾಷಿಂಗ್ಟನ್ನಿನ ವಾಟರ್‌ಗೇಟ್ ಎಂಬ ಕಟ್ಟಡದ ಹೆಸರಿನ ಬಾಲ ಐವತ್ತು ವರ್ಷವಾದರೂ ಹಗರಣಗಳಿಗೆ ಅಂಟಿಕೊಂಡೇ ಇದೆ. ಇಸ್ರೇಲಿನ ಪತ್ರಿಕೆಗಳೂ ಅದನ್ನೇ ಹಿಡಿದುಕೊಂಡವು. ಎರಡೂ ಪ್ರಕರಣಗಳ ಆರೋಪಿಗಳ ನಡುವೆ ಸಂಬಂಧವಿಲ್ಲ.

ಈ ಉರಿಖ್, ಫೆಲ್ಡ್‌ಸ್ಟೈನ್ ಯಾರು? ಮಂತ್ರಿಗಳೇ, ಅಧಿಕಾರಿಗಳೇ?

ಎರಡೂ ಅಲ್ಲ. ಉರಿಖ್ ಅನೇಕ ವರ್ಷಗಳಿಂದ ನೆತನ್ಯಾಹು ಅವರ ಮಾಧ್ಯಮ ಮತ್ತು ಚುನಾವಣಾ ಪ್ರಚಾರವನ್ನು ನೋಡಿಕೊಳ್ಳುತ್ತ ಬಂದ ಆಪ್ತ, ಅವರದೇ ಲಿಕುಡ್ ಪಕ್ಷದ ಮನುಷ್ಯ. ಫೆಲ್ಡ್‌ಸ್ಟೈನ್ ಹಿಂದೆ ಸೇನೆಯ ವಕ್ತಾರರ ವಿಭಾಗದಲ್ಲಿದ್ದು, ಸಚಿವ ಇತಮಾರ್ ಬೆನ್-ಗ್ವಿರ್ ಅವರ ವಕ್ತಾರರಾಗಿ ಕೆಲಸ ಮಾಡಿ, 2023ರ ಅಕ್ಟೋಬರ್ 7ರ ಹಮಾಸ್ ದಾಳಿಯ ನಂತರ ಪ್ರಧಾನಿಯ ಪರವಾಗಿ ಸೇನಾ ವರದಿಗಾರರೊಡನೆ ಮಾತನಾಡುವ ಕೆಲಸಕ್ಕೆ ಬಂದವರು. ಯಾವ ವರದಿಗಾರನಿಗೆ ಯಾವ ಸುದ್ದಿ, ಯಾವ ಹೊತ್ತಿಗೆ, 'ಉನ್ನತ ಮೂಲ' ಎಂಬ ಯಾವ ಮುಸುಕಿನಲ್ಲಿ ತಲುಪಬೇಕೆಂಬುದು ಇಂಥವರ ಕೈಯಲ್ಲಿರುತ್ತದೆ. ಸಹಿ ಹಾಕುವ ಅಧಿಕಾರ ಇಲ್ಲದಿರಬಹುದು, ಯುದ್ಧಕಾಲದಲ್ಲಿ ಈ ಅಧಿಕಾರವೇನೂ ಕಡಿಮೆಯದಲ್ಲ.

ಕತಾರ್ ಇಸ್ರೇಲಿಗೆ ಶತ್ರುವೋ ಮಿತ್ರನೋ? ನನಗೆ ಇದೇ ಅರ್ಥವಾಗುವುದಿಲ್ಲ.

ಇಸ್ರೇಲಿನ ಕಾನೂನು ಕತಾರ್ ಅನ್ನು ಶತ್ರುರಾಷ್ಟ್ರಗಳ ಪಟ್ಟಿಯಲ್ಲಿ ಇಟ್ಟಿಲ್ಲ, ಆದರೆ ಎರಡು ದೇಶಗಳ ನಡುವೆ ಪೂರ್ಣ ರಾಜತಾಂತ್ರಿಕ ಸಂಬಂಧವೂ ಇಲ್ಲ. ಹಮಾಸ್‌ನ ರಾಜಕೀಯ ಕಚೇರಿ 2012ರಿಂದ ದೋಹಾದಲ್ಲಿದೆ. ಅದೇ ದೇಶದ ಅಲ್ ಉದೈದ್‌ನಲ್ಲಿ ಅಮೆರಿಕದ ದೊಡ್ಡ ವಾಯುನೆಲೆಯೂ ಇದೆ. ಕತಾರ್‌ನ ಅಲ್ ಜಜೀರಾ ವಾಹಿನಿಯನ್ನು ಇಸ್ರೇಲ್ 2024ರ ಮೇ ತಿಂಗಳಲ್ಲಿ ಮುಚ್ಚಿಸಿತು, ಆದರೆ ಒತ್ತೆಯಾಳುಗಳ ವಿಷಯಕ್ಕೆ ಅದೇ ಕತಾರ್‌ನ ಮೂಲಕ ಮಾತುಕತೆ ಮುಂದುವರಿಸಿತು. ಇನ್ನೂ ಹಿಂದೆ ಹೋದರೆ, 2018ರ ನವೆಂಬರ್‌ನಲ್ಲಿ ಗಾಜಾದ ನೌಕರರ ಸಂಬಳಕ್ಕೆಂದು ಕತಾರ್ ಕಳಿಸಿದ 1.5 ಕೋಟಿ ಡಾಲರ್ ನಗದು ಸೂಟ್‌ಕೇಸ್‌ಗಳಲ್ಲಿ ಗಾಜಾ ತಲುಪಿದ್ದು ನೆತನ್ಯಾಹು ಸರ್ಕಾರದ ಒಪ್ಪಿಗೆಯಿಂದಲೇ. ಅಕ್ಟೋಬರ್ 7ರ ನಂತರ ಆ ಹಣದ ನೆನಪೇ ಇಸ್ರೇಲಿಗರಿಗೆ ಗಾಯದ ಮೇಲೆ ಉಪ್ಪು ಸವರಿದಂತಾಯಿತು. ಸಲಹೆಗಾರರ ಸುದ್ದಿ ಬೀದಿಯಲ್ಲಿ ಅಷ್ಟು ಕಾವು ಎಬ್ಬಿಸಿದ್ದಕ್ಕೆ ಈ ಹಿನ್ನೆಲೆಯೇ ಕಾರಣ.

## ಹಣ ಮತ್ತು ಕೆಲಸ

ಪ್ರಧಾನಿಗೆ ಕೆಲಸ ಮಾಡುವವನಿಗೆ ಸರ್ಕಾರ ತಾನೇ ಸಂಬಳ ಕೊಡಬೇಕು? ಹೊರಗಿನವರು ಯಾಕೆ ಕೊಟ್ಟರು?

ಇಡೀ ಪ್ರಕರಣದ ಗಂಟು ಇಲ್ಲೇ ಇದೆ ಎಂದು ನನ್ನ ಎಣಿಕೆ. ಪ್ರಧಾನಿ ಕಚೇರಿಯಲ್ಲಿ ಗೌಪ್ಯ ವಿಷಯಗಳ ಹತ್ತಿರ ಕೆಲಸ ಮಾಡುವವರು ದೇಶದ ಆಂತರಿಕ ಭದ್ರತಾ ಸಂಸ್ಥೆಯಾದ ಶಿನ್ ಬೆಟ್‌ನ ಹಿನ್ನೆಲೆ ತಪಾಸಣೆಯಲ್ಲಿ ತೇರ್ಗಡೆಯಾಗಬೇಕು. ವರದಿಗಳ ಪ್ರಕಾರ ಫೆಲ್ಡ್‌ಸ್ಟೈನ್ ಆ ತಪಾಸಣೆಯಲ್ಲಿ ತೇರ್ಗಡೆಯಾಗಲಿಲ್ಲ, ಆದ್ದರಿಂದ ಅವರನ್ನು ನೌಕರರೆಂದು ವಿಧಿವತ್ತಾಗಿ ನೇಮಿಸಲು ಆಗಲಿಲ್ಲ. ನಿಯಮ ಅಲ್ಲಿಗೆ ತನ್ನ ಕೆಲಸ ಮಾಡಿತ್ತು. ಆದರೆ ಮನುಷ್ಯ ಮನೆಗೆ ಹೋಗಲಿಲ್ಲ. ಹೆಸರು ಹಾಜರಿ ಪುಸ್ತಕದಲ್ಲಿ ಇಲ್ಲದೆ ಕೆಲಸ ಮುಂದುವರಿಯಿತು, ಪತ್ರಕರ್ತರು ಅವರನ್ನು ಪ್ರಧಾನಿಯ ಕಡೆಯವರೆಂದೇ ತಿಳಿದು ಮಾತನಾಡುತ್ತಿದ್ದರು.

ಹಾಗೆ ದುಡಿಯುವವರಿಗೂ ತಿಂಗಳ ಕೊನೆಗೆ ಮನೆ ನಡೆಯಬೇಕು. ಆಗ ಅವರಿಗೆ ಹಣ ಬಂದದ್ದು ಜೇ ಫುಟ್ಲಿಕ್ ಎಂಬ ಲಾಬಿಗಾರನ ಕಡೆಯಿಂದ, ಇಸ್ರೇಲಿನ ಉದ್ಯಮಿಯೊಬ್ಬರ ಕೈದಾಟಿ, ಎಂಬುದು ತನಿಖೆಯಲ್ಲಿ ಹೊರಬಂದ ಸಂಗತಿ. ಫುಟ್ಲಿಕ್ ಹಿಂದೆ ಕ್ಲಿಂಟನ್ ಕಾಲದ ಶ್ವೇತಭವನದಲ್ಲಿ ಇದ್ದವರು, ಆಗ ಅವರ ಕಕ್ಷಿದಾರರಲ್ಲಿ ಕತಾರ್ ಒಂದಾಗಿತ್ತು. ಹಣ ದಾಟಿಸಿದ್ದಾಗಿ ಆ ಉದ್ಯಮಿ ಹೇಳಿದ ಧ್ವನಿಮುದ್ರಣವನ್ನು ಇಸ್ರೇಲಿನ ಸಾರ್ವಜನಿಕ ವಾಹಿನಿ ಪ್ರಸಾರ ಮಾಡಿತು.

ಫೆಲ್ಡ್‌ಸ್ಟೈನ್ ಪರ ವಕೀಲರ ಉತ್ತರ ಕುತೂಹಲಕರವಾಗಿದೆ. ಆ ಹಣ ಕತಾರ್ ಕೆಲಸಕ್ಕೆ ಬಂದದ್ದಲ್ಲ, ಪ್ರಧಾನಿ ಕಚೇರಿಗೆ ಮಾಡಿಕೊಟ್ಟ ಮಾಧ್ಯಮ ಸೇವೆಗೆ ಬಂದದ್ದು ಎಂದು ಅವರು ಹೇಳಿದರು. ಆರೋಪಕ್ಕೆ ಇದು ಉತ್ತರವೇ ಹೌದು, ಆದರೆ ಒಪ್ಪಿಕೊಂಡರೆ ಪ್ರಶ್ನೆ ಸಲಹೆಗಾರನಿಂದ ಕಚೇರಿಯ ಕಡೆಗೆ ತಿರುಗುತ್ತದೆ. ಒಂದು ದೇಶದ ಪ್ರಧಾನಿಗಾಗಿ ದುಡಿದವನ ಕೂಲಿಯನ್ನು ಮತ್ತೊಂದು ದೇಶದ ಲಾಬಿಗಾರ ಯಾವ ಲೆಕ್ಕದಲ್ಲಿ ಕೊಟ್ಟ?

ದುಡ್ಡು ತೆಗೆದುಕೊಂಡು ಏನು ಮಾಡಿಕೊಟ್ಟರಂತೆ? ದೇಶದ ಗುಟ್ಟು ಮಾರಿದರೇ?

ಕತಾರ್‌ಗೆ ಗುಟ್ಟು ಮಾರಿದರೆಂಬುದು ಈ ಪ್ರಕರಣದ ತಿರುಳಲ್ಲ. ರಿಶೋನ್ ಲೆಜಿಯೋನ್ ನ್ಯಾಯಾಲಯದ ನ್ಯಾಯಾಧೀಶ ಮೆನಾಹೆಮ್ ಮಿಜ್ರಾಹಿ 2025ರ ಏಪ್ರಿಲ್ ಮೊದಲಲ್ಲಿ ಬಂಧನಾವಧಿ ವಿಸ್ತರಿಸುವಾಗ ಪೊಲೀಸರ ಶಂಕೆಯನ್ನು ವಿವರಿಸಿದರು. ಅದರ ಪ್ರಕಾರ, ಒತ್ತೆಯಾಳುಗಳ ಮಾತುಕತೆಯಲ್ಲಿ ಕತಾರ್‌ನ ಪಾತ್ರವನ್ನು ಹೊಗಳುವ ಮತ್ತು ಈಜಿಪ್ಟಿನ ಪಾತ್ರವನ್ನು ಹಳಿಯುವ ಸಂದೇಶಗಳು ಪತ್ರಕರ್ತರಿಗೆ ತಲುಪುತ್ತಿದ್ದವು. ಸಂದೇಶ ಹುಟ್ಟಿದ್ದು ಹೊರಗೆ, ಅದಕ್ಕೆ ಪ್ರಧಾನಿಯ ಸುತ್ತಲಿನವರ ಮಾತೆಂಬ ತೂಕ ಸಿಕ್ಕಿದ್ದು ಒಳಗೆ. ಓದುಗ ಅದನ್ನು ತನ್ನ ಸರ್ಕಾರದ ಅಂದಾಜು ಎಂದು ನಂಬಿ ಓದಿದ.

ಇದಕ್ಕೂ ಮುನ್ನ, 2022ರ ಫುಟ್‌ಬಾಲ್ ವಿಶ್ವಕಪ್ ಸಂದರ್ಭದಲ್ಲಿ ಕತಾರ್‌ನ ವರ್ಚಸ್ಸು ಸುಧಾರಿಸುವ ಪ್ರಚಾರಕಾರ್ಯದಲ್ಲಿ ಉರಿಖ್ ಮತ್ತು ನೆತನ್ಯಾಹು ಅವರ ಮತ್ತೊಬ್ಬ ಮಾಜಿ ಪ್ರಚಾರ ಸಲಹೆಗಾರ ತೊಡಗಿದ್ದರೆಂದು ಹಾರೆಟ್ಜ್ ಪತ್ರಿಕೆ 2024ರ ನವೆಂಬರ್‌ನಲ್ಲಿ ಬರೆದಿತ್ತು. ಅದು ಯುದ್ಧಕ್ಕೆ ಹಿಂದಿನ ಮಾತು, ಆದ್ದರಿಂದ ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು.

ನಡುವೆ ಈಜಿಪ್ಟ್ ಯಾಕೆ ಬಂತು?

ಮಧ್ಯಸ್ಥರು ಇಬ್ಬರಿದ್ದರು, ಒಬ್ಬನ ಬೆಲೆ ಏರಲು ಇನ್ನೊಬ್ಬನದು ಇಳಿಯಬೇಕಿತ್ತು. ಆದರೆ ಈಜಿಪ್ಟ್ 1979ರಲ್ಲೇ ಇಸ್ರೇಲಿನೊಡನೆ ಶಾಂತಿ ಒಪ್ಪಂದ ಮಾಡಿಕೊಂಡ ಮೊದಲ ಅರಬ್ ದೇಶ, ಗಾಜಾದ ಗಡಿಗೆ ಅಂಟಿಕೊಂಡ ನೆರೆಮನೆ. ಶಂಕೆ ನಿಜವಾದರೆ, ಯಾರದೋ ವ್ಯಾಪಾರಕ್ಕಾಗಿ ಆ ನೆರೆಯವನ ಹೆಸರಿಗೆ ಮಸಿ ಬಳಿದಂತಾಯಿತು. ಇಸ್ರೇಲಿನ ಭದ್ರತಾ ವಲಯದವರು ಈ ಭಾಗವನ್ನು ಹಣಕ್ಕಿಂತ ಗಂಭೀರವಾಗಿ ತೆಗೆದುಕೊಂಡದ್ದು ನನಗೆ ಆಶ್ಚರ್ಯ ತಂದಿಲ್ಲ.

ಜರ್ಮನಿಯ ಪತ್ರಿಕೆಗೆ ದಾಖಲೆ ಸೋರಿಸಿದ ಕೇಸೂ ಇದೇನಾ?

ಅಲ್ಲ, ಆದರೆ ಫೆಲ್ಡ್‌ಸ್ಟೈನ್ ಎರಡರಲ್ಲೂ ಇದ್ದಾರೆ. 2024ರ ಆಗಸ್ಟ್ ಕೊನೆಗೆ ರಫಾದ ಸುರಂಗವೊಂದರಲ್ಲಿ ಆರು ಒತ್ತೆಯಾಳುಗಳ ಶವ ಸಿಕ್ಕು, ಒಪ್ಪಂದ ಮಾಡಿಕೊಳ್ಳಿರೆಂದು ಜನ ಬೀದಿಗಿಳಿದಿದ್ದರು. ಸೆಪ್ಟೆಂಬರ್ 6ರಂದು ಜರ್ಮನಿಯ ಬಿಲ್ಡ್ ಪತ್ರಿಕೆಯಲ್ಲಿ ಹಮಾಸ್‌ನ ಮಾತುಕತೆಯ ತಂತ್ರವೆಂದು ಹೇಳಲಾದ ದಾಖಲೆಯ ವರದಿ ಬಂತು. ಒಪ್ಪಂದ ಮುರಿಯಲು ಹಮಾಸೇ ಕಾರಣ ಎಂಬ ನೆತನ್ಯಾಹು ವಾದಕ್ಕೆ ಅದು ಒತ್ತುಕೊಟ್ಟಂತಿತ್ತು. ಇಸ್ರೇಲಿನ ಸೇನಾ ಸೆನ್ಸಾರ್ ಒಳಗೆ ತಡೆದದ್ದನ್ನು ಹೊರಗಿನ ಪತ್ರಿಕೆಯ ಮೂಲಕ ತಂದರೆಂಬುದು ಆರೋಪ. ಫೆಲ್ಡ್‌ಸ್ಟೈನ್ ಮೇಲೆ 2024ರ ನವೆಂಬರ್‌ನಲ್ಲೇ ಆರೋಪಪಟ್ಟಿ ಸಲ್ಲಿಕೆಯಾಯಿತು. ಗೌಪ್ಯ ದಾಖಲೆಯ ಮಾತು ಅಲ್ಲಿಗೆ ಸೇರಿದ್ದು, ಹಣದ ಮಾತು ಕತಾರ್ ಪ್ರಕರಣಕ್ಕೆ. ನಮ್ಮ ಟಿವಿ ಚರ್ಚೆಗಳಲ್ಲಿ ಇವೆರಡನ್ನೂ ಕಲಸಿ 'ಗುಟ್ಟು ಮಾರಿದರು' ಎಂದು ಬಡಿಸುವುದನ್ನು ಕೇಳಿದ್ದೇನೆ.

## ತನಿಖೆ ಮತ್ತು ಅಧಿಕಾರ

ನೆತನ್ಯಾಹು ಕೂಡ ಆರೋಪಿಯೇ?

ಈ ಪ್ರಕರಣದಲ್ಲಿ ಅವರು ಹೇಳಿಕೆ ಕೊಟ್ಟದ್ದು ಸಾಕ್ಷಿಯಾಗಿ, ಶಂಕಿತರಾಗಿ ಅಲ್ಲ. ಮಾರ್ಚ್ 31ರಂದು ಅವರು ತಮ್ಮದೇ ಹಳೆಯ ಭ್ರಷ್ಟಾಚಾರ ಮೊಕದ್ದಮೆಯಲ್ಲಿ, ಅಂದರೆ 2020ರಿಂದ ನಡೆಯುತ್ತಿರುವ ವಿಚಾರಣೆಯಲ್ಲಿ, ನ್ಯಾಯಾಲಯದ ಕಟಕಟೆಯಲ್ಲಿದ್ದರು. ಅಲ್ಲಿಂದ ಅರ್ಧಕ್ಕೆ ಎದ್ದು ಬಂದು ಪೊಲೀಸರಿಗೆ ಸುಮಾರು ಎರಡು ಗಂಟೆ ಹೇಳಿಕೆ ಕೊಟ್ಟರು. ಸಂಜೆ ಬಿಡುಗಡೆ ಮಾಡಿದ ವಿಡಿಯೊದಲ್ಲಿ ಇದೆಲ್ಲ ರಾಜಕೀಯ ಬೇಟೆ ಎಂದು ಹೇಳಿ, ತಮ್ಮ ಇಬ್ಬರು ಸಹಾಯಕರನ್ನು ಒತ್ತೆಯಾಳುಗಳಂತೆ ಹಿಡಿದಿಡಲಾಗಿದೆ ಎಂದರು. ಗಾಜಾದಲ್ಲಿ ಆಗಿನ್ನೂ 59 ಒತ್ತೆಯಾಳುಗಳಿದ್ದರು. ಆ ಪದದ ಆಯ್ಕೆಯನ್ನು ಅವರ ಎದುರಾಳಿಗಳು ಸುಲಭವಾಗಿ ಮರೆಯಲಿಲ್ಲ.

ಶಿನ್ ಬೆಟ್ ಮುಖ್ಯಸ್ಥರನ್ನು ತೆಗೆದುಹಾಕಿದ್ದು ಇದೇ ತನಿಖೆ ಮುಚ್ಚಿಹಾಕಲಿಕ್ಕೆ ಅಂತಾರೆ. ನಿಜವೇ?

ಮನಸ್ಸಿನಲ್ಲಿ ಏನಿತ್ತೆಂದು ಹೊರಗಿನವರು ಹೇಳಲಾಗದು, ದಿನಾಂಕಗಳನ್ನು ಜೋಡಿಸಿ ನೋಡಬಹುದು. ಶಿನ್ ಬೆಟ್ ನೇರವಾಗಿ ಪ್ರಧಾನಿಯ ಅಡಿಯಲ್ಲಿರುವ ಸಂಸ್ಥೆ. ಅದರ ಮುಖ್ಯಸ್ಥ ರೊನೆನ್ ಬಾರ್ 2021ರ ಅಕ್ಟೋಬರ್‌ನಲ್ಲಿ ಐದು ವರ್ಷದ ಅವಧಿಗೆ ಬಂದವರು. ಕತಾರ್ ತನಿಖೆಗೆ ಆದೇಶವಾದದ್ದು 2025ರ ಫೆಬ್ರುವರಿ ಕೊನೆಗೆ. ಬಾರ್ ಮೇಲೆ ನಂಬಿಕೆ ಉಳಿದಿಲ್ಲವೆಂದು ನೆತನ್ಯಾಹು ಘೋಷಿಸಿದ್ದು ಮಾರ್ಚ್ 16ರಂದು. ಮಾರ್ಚ್ 20ರ ರಾತ್ರಿ ಸೇರಿದ ಸಂಪುಟ ಅವರನ್ನು ವಜಾ ಮಾಡಿತು. ಇಸ್ರೇಲಿನ ಇತಿಹಾಸದಲ್ಲಿ ಸರ್ಕಾರವೊಂದು ಶಿನ್ ಬೆಟ್ ಮುಖ್ಯಸ್ಥನನ್ನು ಹಾಗೆ ಕಿತ್ತುಹಾಕಿದ್ದು ಅದೇ ಮೊದಲು.

ನೆತನ್ಯಾಹು ಕಡೆಯ ವಾದವನ್ನೂ ಪೂರ್ತಿ ಕೇಳಬೇಕು. ಅಕ್ಟೋಬರ್ 7ರ ದಾಳಿಯನ್ನು ಮುಂಚೆ ಅರಿಯದ ಸಂಸ್ಥೆಯ ಮುಖ್ಯಸ್ಥನ ಮೇಲೆ ತಮಗೆ ಆಗಿನಿಂದಲೇ ನಂಬಿಕೆ ಇರಲಿಲ್ಲ, ವಜಾ ತಪ್ಪಿಸಿಕೊಳ್ಳಲೆಂದೇ ಕತಾರ್ ತನಿಖೆಯನ್ನು ಹುಟ್ಟುಹಾಕಲಾಯಿತು ಎಂಬುದು ಅವರ ಮಾತು. ವೈಫಲ್ಯದ ಮಾತಿನಲ್ಲಿ ಹುರುಳಿಲ್ಲದೆ ಇಲ್ಲ. ಆ ವೈಫಲ್ಯದಲ್ಲಿ ತನ್ನ ಪಾಲಿದೆಯೆಂದು ಸಂಸ್ಥೆಯೇ ಒಪ್ಪಿಕೊಂಡಿತ್ತು. ಆದರೆ ಹದಿನೇಳು ತಿಂಗಳು ಸಹಿಸಿದ ಅಪನಂಬಿಕೆ ಸಲಹೆಗಾರರ ತನಿಖೆ ಶುರುವಾದ ಮೂರೇ ವಾರದಲ್ಲಿ ಕಟ್ಟೆಯೊಡೆದದ್ದು ಹೇಗೆಂಬ ಪ್ರಶ್ನೆಗೆ ಆ ವಾದ ನನಗೆ ಸಮಾಧಾನ ಕೊಟ್ಟಿಲ್ಲ.

ಹೈಕೋರ್ಟ್ ಪೀಠವಾಗಿ ಕುಳಿತ ಸುಪ್ರೀಂ ಕೋರ್ಟ್ ಮಾರ್ಚ್ 21ರಂದೇ ವಜಾಕ್ಕೆ ತಾತ್ಕಾಲಿಕ ತಡೆ ಕೊಟ್ಟಿತು. ಬಾರ್ ತಾವೇ ಜೂನ್ 15ಕ್ಕೆ ಹುದ್ದೆ ಬಿಡುವುದಾಗಿ ಏಪ್ರಿಲ್ 28ರಂದು ತಿಳಿಸಿದರು. ಆ ನಂತರವೂ ನ್ಯಾಯಾಲಯ ವಿಷಯವನ್ನು ಕೈಬಿಡದೆ ಮೇ 21ರಂದು ತೀರ್ಪಿತ್ತು: ತಮ್ಮ ಆಪ್ತರ ಮೇಲೆ ತನಿಖೆ ನಡೆಯುತ್ತಿರುವಾಗ ತನಿಖಾ ಸಂಸ್ಥೆಯ ಮುಖ್ಯಸ್ಥನನ್ನು ತೆಗೆಯುವ ನಿರ್ಧಾರದಲ್ಲಿ ಪ್ರಧಾನಿಗೆ ಹಿತಾಸಕ್ತಿಯ ಸಂಘರ್ಷವಿತ್ತು, ವಜಾ ಕಾನೂನುಬಾಹಿರ. ಮರುದಿನವೇ ನೆತನ್ಯಾಹು ಮೇಜರ್ ಜನರಲ್ ಡೇವಿಡ್ ಝಿನಿ ಅವರ ಹೆಸರನ್ನು ಉತ್ತರಾಧಿಕಾರಿಯೆಂದು ಪ್ರಕಟಿಸಿದರು.

ಕತಾರ್ ಏನು ಹೇಳುತ್ತದೆ? ನಮ್ಮ ತಮ್ಮ ದೋಹಾದಲ್ಲಿದ್ದಾನೆ, ಅಲ್ಲಿ ಇದರಿಂದ ಏನಾದರೂ ತೊಂದರೆ?

ಇದು ತನ್ನ ಮಧ್ಯಸ್ಥಿಕೆಗೆ ಕಲ್ಲು ಹಾಕಲು ನಡೆಸಿರುವ ಅಪಪ್ರಚಾರವೆಂದು ಕತಾರ್ ಆರೋಪವನ್ನು ತಳ್ಳಿಹಾಕಿದೆ. ದೋಹಾದಲ್ಲಿ ದುಡಿಯುವ ಮಂಗಳೂರು, ಉಡುಪಿ ಕಡೆಯವರಿಗಾಗಲಿ, ಇಸ್ರೇಲಿನ ಮನೆಗಳಲ್ಲಿ ವೃದ್ಧರ ಆರೈಕೆ ಮಾಡುತ್ತಿರುವ ಕರಾವಳಿಯವರಿಗಾಗಲಿ ಈ ತನಿಖೆಯಿಂದ ನೇರ ತೊಂದರೆಯೇನೂ ಇಲ್ಲ. ಅವರನ್ನು ಬೆಚ್ಚಿಬೀಳಿಸಿದ್ದು ಬೇರೆಯದು: 2025ರ ಸೆಪ್ಟೆಂಬರ್ 9ರಂದು ಹಮಾಸ್ ನಾಯಕರನ್ನು ಗುರಿಮಾಡಿ ಇಸ್ರೇಲ್ ದೋಹಾದ ಮೇಲೆಯೇ ವಾಯುದಾಳಿ ನಡೆಸಿತು. ಅದೇ 29ರಂದು ನೆತನ್ಯಾಹು ಶ್ವೇತಭವನದಿಂದ ಕತಾರ್ ಪ್ರಧಾನಿಗೆ ಫೋನ್ ಮಾಡಿ ಕ್ಷಮೆ ಕೋರಿದರು.

## ಕಾನೂನಿನ ಒಳಸುಳಿ

ಲಾಬಿ ಮಾಡುವುದು ಎಲ್ಲ ದೇಶದಲ್ಲೂ ಇದೆ. ಅದರಲ್ಲಿ ಅಪರಾಧ ಎಲ್ಲಿ ಬಂತು?

ಬೇರೆ ದೇಶದ ಪರ ಮಾತನಾಡಿ ಹಣ ಪಡೆಯುವುದನ್ನು ಅಮೆರಿಕ ನಿಷೇಧಿಸಿಲ್ಲ, ಹೇಳಿಕೊಂಡು ಮಾಡಿ ಎನ್ನುತ್ತದೆ. ನಾಜಿ ಪ್ರಚಾರಕರನ್ನು ಬಯಲಿಗೆ ತರಲು 1938ರಲ್ಲಿ ಮಾಡಿದ ವಿದೇಶಿ ಏಜೆಂಟರ ನೋಂದಣಿ ಕಾಯ್ದೆಯ ಪ್ರಕಾರ ಯಾರಿಂದ ಎಷ್ಟು ಹಣ, ಯಾವ ಕೆಲಸಕ್ಕೆ ಎಂಬುದನ್ನು ನ್ಯಾಯ ಇಲಾಖೆಗೆ ಬರೆದುಕೊಡಬೇಕು. ಬರೆದುಕೊಡದಿದ್ದಾಗ ಏನಾಗುತ್ತದೆ ಎನ್ನುವುದಕ್ಕೆ ಮೈಕೆಲ್ ಫ್ಲಿನ್ ಉದಾಹರಣೆ. ಡೊನಾಲ್ಡ್ ಟ್ರಂಪ್ ಅವರ 2016ರ ಪ್ರಚಾರಕ್ಕೆ ಸಲಹೆ ಕೊಡುತ್ತಿದ್ದ ಹೊತ್ತಿನಲ್ಲೇ ಈ ನಿವೃತ್ತ ಜನರಲ್‌ರ ಸಂಸ್ಥೆ, ಟರ್ಕಿಯ ಉದ್ಯಮಿಯೊಬ್ಬರ ಡಚ್ ಕಂಪನಿಯಿಂದ 5,30,000 ಡಾಲರ್ ಪಡೆದಿತ್ತು. ಅಮೆರಿಕದಲ್ಲಿ ನೆಲೆಸಿದ್ದ, ಟರ್ಕಿ ಸರ್ಕಾರದ ಕಣ್ಣಿಗೆ ಮುಳ್ಳಾಗಿದ್ದ ಧರ್ಮಗುರು ಫೆತುಲ್ಲಾ ಗುಲೆನ್ ವಿರುದ್ಧ ಕೆಲಸ ಮಾಡುವುದು ಆ ಹಣದ ಉದ್ದೇಶ. ಮತದಾನದ ದಿನವೇ ಗುಲೆನ್ ವಿರುದ್ಧ ಫ್ಲಿನ್ ಹೆಸರಿನಲ್ಲಿ ಒಂದು ಲೇಖನ ಪ್ರಕಟವಾಯಿತು. ಹಣದ ಮಾತು ಅದರಲ್ಲಿ ಇರಲಿಲ್ಲ. ರಾಷ್ಟ್ರೀಯ ಭದ್ರತಾ ಸಲಹೆಗಾರನ ಹುದ್ದೆಯಲ್ಲಿ ಒಂದು ತಿಂಗಳೂ ತುಂಬದೆ ಕೆಳಗಿಳಿದ ಮೇಲೆ, 2017ರ ಮಾರ್ಚ್‌ನಲ್ಲಿ, ಅವರು ನೋಂದಣಿ ಮಾಡಿಸಿದರು. ಅದೇ ಡಿಸೆಂಬರ್‌ನಲ್ಲಿ ಅವರು ತಪ್ಪೊಪ್ಪಿಕೊಂಡದ್ದು ರಷ್ಯಾ ರಾಯಭಾರಿಯೊಡನೆ ಆಡಿದ ಮಾತಿನ ಬಗ್ಗೆ ಎಫ್‌ಬಿಐಗೆ ಸುಳ್ಳು ಹೇಳಿದ್ದಕ್ಕೆ. ಜೊತೆಗೆ ಟರ್ಕಿ ಕೆಲಸದ ನೋಂದಣಿಯಲ್ಲೂ ಸುಳ್ಳಿತ್ತೆಂದು ಬರೆದುಕೊಟ್ಟರು. 2020ರ ನವೆಂಬರ್‌ನಲ್ಲಿ ಟ್ರಂಪ್ ಅವರಿಗೆ ಕ್ಷಮಾದಾನ ಕೊಟ್ಟರು.

ಹಾಗಾದರೆ ಇಸ್ರೇಲಿನಲ್ಲಿ ಯಾವ ಅಪರಾಧದ ಶಂಕೆ? ಸರ್ಕಾರಿ ನೌಕರನೇ ಅಲ್ಲದವನು ಲಂಚ ತೆಗೆದುಕೊಳ್ಳುವುದು ಹೇಗೆ?

ಪೊಲೀಸರು ಪಟ್ಟಿ ಮಾಡಿದ ಶಂಕೆಗಳು ವಿದೇಶಿ ಏಜೆಂಟನೊಡನೆ ಸಂಪರ್ಕ, ಲಂಚ, ವಂಚನೆ, ವಿಶ್ವಾಸದ್ರೋಹ, ಅಕ್ರಮ ಹಣ ವರ್ಗಾವಣೆ ಮತ್ತು ತೆರಿಗೆ ಸಂಬಂಧಿ ಅಪರಾಧಗಳು. ನೀವು ಕೇಳಿದ ಎರಡನೆಯ ಪ್ರಶ್ನೆ ವಕೀಲರಿಗೂ ಕಠಿಣವಾದದ್ದೇ. ಲಂಚ ಮತ್ತು ವಿಶ್ವಾಸದ್ರೋಹ ಮೂಲತಃ ಸಾರ್ವಜನಿಕ ಸೇವಕನ ಸ್ಥಾನಕ್ಕೆ ಅಂಟಿಕೊಂಡ ಅಪರಾಧಗಳು. ಒಬ್ಬರು ಪಕ್ಷದ ಮನುಷ್ಯ, ಮತ್ತೊಬ್ಬರು ಯಾವ ಪಟ್ಟಿಯಲ್ಲೂ ಇಲ್ಲ. ಕಾಗದ ನೋಡಿದರೆ ಇಬ್ಬರೂ ಹೊರಗಿನವರು, ಮಾಡಿದ ಕೆಲಸ ನೋಡಿದರೆ ಒಳಗಿನವರು. ಕಾಗದವನ್ನೇ ಅಳತೆಗೋಲು ಮಾಡಿಕೊಂಡರೆ, ತಪಾಸಣೆಯಲ್ಲಿ ನಪಾಸಾದವನಿಗೆ ಆ ನಪಾಸೇ ರಕ್ಷಾಕವಚವಾಗುತ್ತದೆ.

ಇನ್ನೊಂದು ವಿಚಿತ್ರವಿದೆ. ಅರ್ಧಕ್ಕಿಂತ ಹೆಚ್ಚು ಹಣವನ್ನು ವಿದೇಶಿ ಸರ್ಕಾರಗಳಿಂದ ಪಡೆಯುವ ಸ್ವಯಂಸೇವಾ ಸಂಸ್ಥೆಗಳು ಅದನ್ನು ಬಹಿರಂಗಪಡಿಸಬೇಕೆಂದು 2016ರಲ್ಲಿ ಕಾನೂನು ತಂದದ್ದು ನೆತನ್ಯಾಹು ಸರ್ಕಾರವೇ. ಆ ಬಲೆಯ ಕಣ್ಣುಗಳನ್ನು ಹೆಣೆದದ್ದು ಸಂಸ್ಥೆಗಳ ಅಳತೆಗೆ.

ನಮ್ಮಲ್ಲಿ ಒಬ್ಬ ಮಂತ್ರಿಯ ಸಲಹೆಗಾರ ಹೀಗೆ ಸಿಕ್ಕಿಬಿದ್ದರೆ ಯಾವ ಕಾನೂನು ಹಿಡಿಯುತ್ತದೆ?

ಅಮೆರಿಕದಂತೆ ವಿದೇಶಿ ಲಾಬಿಗಾರರ ನೋಂದಣಿ ಕಾನೂನು ಭಾರತದಲ್ಲಿಲ್ಲ. ಇರುವುದು ಮೂರು ದಾರಿ. 1988ರ ಭ್ರಷ್ಟಾಚಾರ ತಡೆ ಕಾಯ್ದೆಯಲ್ಲಿ ಸಾರ್ವಜನಿಕ ಸೇವಕ ಎಂಬುದರ ವ್ಯಾಖ್ಯೆ ಸಾಕಷ್ಟು ವಿಶಾಲವಾಗಿದೆ. ಸಂಬಳ ಪಡೆಯುವವರ ಜೊತೆಗೆ, ಸಾರ್ವಜನಿಕ ಕರ್ತವ್ಯ ನಿರ್ವಹಿಸಬೇಕಾದ ಹುದ್ದೆಯಲ್ಲಿ ಇರುವವರೂ ಅದರಲ್ಲಿ ಬರುತ್ತಾರೆ. 1923ರ ಅಧಿಕೃತ ರಹಸ್ಯಗಳ ಕಾಯ್ದೆ ವಿದೇಶಿ ಏಜೆಂಟರೊಡನೆ ಸಂಪರ್ಕವನ್ನೇ ಸಾಕ್ಷ್ಯವೆಂದು ನೋಡುತ್ತದೆ, ಆದರೆ ಅದು ಗುಟ್ಟಿನ ವಿಷಯಕ್ಕೆ ಸಂಬಂಧಿಸಿದ್ದು. ಮೂರನೆಯದು 2010ರ ವಿದೇಶಿ ವಂತಿಗೆ ನಿಯಂತ್ರಣ ಕಾಯ್ದೆ. ಅದರ 3ನೆಯ ಸೆಕ್ಷನ್ ಚುನಾವಣಾ ಅಭ್ಯರ್ಥಿಗಳು, ಶಾಸಕರು, ಸರ್ಕಾರಿ ನೌಕರರು, ಪಕ್ಷದ ಪದಾಧಿಕಾರಿಗಳು, ಪತ್ರಿಕೆಯ ಸಂಪಾದಕರು ಮತ್ತು ಅಂಕಣಕಾರರು ವಿದೇಶಿ ವಂತಿಗೆ ಪಡೆಯುವುದನ್ನು ತಡೆಯುತ್ತದೆ. ಅವರಲ್ಲಿ ಶಾಸಕರು, ಸರ್ಕಾರಿ ನೌಕರರು, ಪಕ್ಷದ ಪದಾಧಿಕಾರಿಗಳು ವಿದೇಶಿ ಆತಿಥ್ಯ ಸ್ವೀಕರಿಸಲೂ ಕೇಂದ್ರದ ಮುಂಗಡ ಅನುಮತಿ ಬೇಕು.

ಆದರೆ ಅದರ ಮುಂದಿನ ಸೆಕ್ಷನ್ನನ್ನೂ ಓದಬೇಕು. ಸಂಬಳ, ಸಂಭಾವನೆ ಅಥವಾ ಭಾರತದಲ್ಲಿ ನಡೆಸುವ ಮಾಮೂಲಿ ವ್ಯವಹಾರದ ಪಾವತಿಯಾಗಿ ಬಂದ ಹಣಕ್ಕೆ ಅಲ್ಲಿ ವಿನಾಯಿತಿ ಇದೆ. ಸಚಿವರ ಕೊಠಡಿಗೆ ದಿನವೂ ಬಂದುಹೋಗುವ, ಆದೇಶ ಪತ್ರವಿಲ್ಲದ, ಹೆಸರಿಗೊಂದು ಪ್ರಚಾರ ಸಂಸ್ಥೆ ಇಟ್ಟುಕೊಂಡ ಆಪ್ತನಿಗೆ ಹೊರದೇಶದ ಕಂಪನಿಯೊಂದು ಸಲಹಾ ಶುಲ್ಕ ಕೊಟ್ಟು ರಸೀದಿ ಪಡೆದರೆ, ಅದು ವಂತಿಗೆಯೋ ವ್ಯವಹಾರವೋ ಎಂಬ ವಾದದಲ್ಲೇ ಕೆಲವು ವರ್ಷ ಕಳೆಯಬಹುದು. ವಿಧಾನಸೌಧದ ಕಾರಿಡಾರುಗಳಲ್ಲಿ ಓಡಾಡಿದವರಿಗೆ ಅಂಥ ಆಪ್ತರು ಹೇಗಿರುತ್ತಾರೆಂದು ಬಿಡಿಸಿ ಹೇಳಬೇಕಾಗಿಲ್ಲ.